ಸ್ವಲ್ಪ ಎಡಕ್ಕೆ ಸರಿ

"ಸ್ವಲ್ಪ ಎಡಕ್ಕೆ ಸರಿ."

ಹೋದ ವರ್ಷದ ಶನಿವಾರಗಳೆಲ್ಲ ನನಗೆ ನೆನಪಾಗುವುದು ಈ ಒಂದು ಮಾತಿನಿಂದ. ಹೇಳುವವರು ನಮ್ಮ ಯಜಮಾನರು. ಕ್ಯಾಲಿಫೋರ್ನಿಯಾದ ಸರಟೋಗಾದಲ್ಲಿ ನಮ್ಮ ಮನೆಯಿಂದ ಕಾರಿನಲ್ಲಿ ಬೆಟ್ಟದ ಮೇಲಕ್ಕೆ ಹೋಗಿ, ಅಲ್ಲಿಂದ ಕಾಲುದಾರಿಯಲ್ಲಿ ನಡೆದು, ಒಣಹುಲ್ಲಿನ ಇಳಿಜಾರಿನಲ್ಲಿ ಟ್ರೈಪಾಡು ಊರಿ, ಒಂದು ಕಣ್ಣು ಮುಚ್ಚಿಕೊಂಡು ಹೇಳುತ್ತಾರೆ. ನಾನು ಸರಿಯುತ್ತೇನೆ. ಹುಲ್ಲಿನ ತೆನೆಗಳು ಚೂಡಿದಾರದ ಕೆಳ ಅಂಚಿಗೆ ಯಾರೋ ಕಸೂತಿ ಹಾಕಿದ ಹಾಗೆ ಸಾಲಾಗಿ ಚುಚ್ಚಿಕೊಂಡಿರುತ್ತವೆ. "ಇನ್ನೂ ಸ್ವಲ್ಪ. ಹಾಂ, ಸಾಕು. ಅಲ್ಲಾಡ್ಬೇಡ." ಅಲ್ಲಾಡುವುದಿಲ್ಲ. ಮೂಗಿನ ಮೇಲೆ ನೊಣ ಕೂತರೂ ಅಲ್ಲಾಡುವುದಿಲ್ಲ. ಹತ್ತು ವರ್ಷ ಮೈಸೂರಿನ ಕಾನ್ವೆಂಟಿನ ಅಸೆಂಬ್ಲಿಯಲ್ಲಿ ನಿಂತವಳು ನಾನು. ನಿಲ್ಲುವುದನ್ನು ನನಗೆ ಯಾರೂ ಹೇಳಿಕೊಡಬೇಕಾಗಿಲ್ಲ.

ನನ್ನನ್ನು ನಿಲ್ಲಿಸುತ್ತಿದ್ದದ್ದು ಅಳತೆಗೆ. ಭೂವಿಜ್ಞಾನದವರ ಚಿತ್ರದಲ್ಲಿ ಬರೀ ಬಂಡೆ, ಬರೀ ಬಿರುಕು ಇದ್ದರೆ ಅದು ಅಂಗೈಯಷ್ಟೋ ಆನೆಯಷ್ಟೋ ನೋಡುವವರಿಗೆ ತಿಳಿಯುವುದಿಲ್ಲವಂತೆ. ಅದಕ್ಕೆ ಪಕ್ಕದಲ್ಲಿ ಒಂದು ಸುತ್ತಿಗೆಯನ್ನೋ ಟೋಪಿಯನ್ನೋ ಇಡುತ್ತಾರೆ. ದೊಡ್ಡ ದೃಶ್ಯವಾದರೆ ಒಬ್ಬ ಮನುಷ್ಯನನ್ನು ನಿಲ್ಲಿಸುತ್ತಾರೆ. ಆ ಸುತ್ತಿಗೆಯ ಕೆಲಸ ನನ್ನದು.

ಯಜಮಾನರು ಕಂಪ್ಯೂಟರ್ ಚಿಪ್ ಕಂಪನಿಯ ಕೆಲಸದಿಂದ ರಿಟೈರಾದ ಮೇಲೆ ಸ್ವಲ್ಪ ದಿನ ನನ್ನ ಅಡುಗೆಮನೆಯ ಡಬ್ಬಗಳನ್ನು ಎತ್ತರದ ಪ್ರಕಾರ ಜೋಡಿಸಿದರು. ಆಮೇಲೆ, ದೇವರ ದಯೆ, ಲೈಬ್ರರಿಯಲ್ಲಿ ಒಂದು ಗುಂಪು ಸಿಕ್ಕಿತು. ಎಲ್ಲ ಅವರ ಹಾಗೆಯೇ ನಿವೃತ್ತರು, ಐದಾರು ಜನ. ಸಾವಿರದ ಒಂಬೈನೂರ ಆರರಲ್ಲಿ ಸ್ಯಾನ್ ಫ್ರಾನ್ಸಿಸ್ಕೋವನ್ನು ಕೆಡವಿದ ಭೂಕಂಪ ಇದೆಯಲ್ಲ, ಅದಾದ ಮೇಲೆ ಭೂವಿಜ್ಞಾನಿಗಳು ನೆಲ ಸೀಳಿದ ಗೆರೆಯನ್ನೇ ಹಿಡಿದು ಬೆಟ್ಟ ಕಣಿವೆ ದಾಟಿ ಹೋದರಂತೆ. ಸ್ವಲ್ಪ ದೂರ ಕುದುರೆಯ ಮೇಲೆ, ಬಹಳಷ್ಟು ಕಾಲ್ನಡಿಗೆಯಲ್ಲಿ. ಮರದ ಕ್ಯಾಮೆರಾ, ಫಿಲ್ಮಿನ ಬದಲು ಗಾಜಿನ ಪ್ಲೇಟು, ಅಳೆಯುವ ಟೇಪು, ರಾತ್ರಿ ಯಾವ ರೈತನ ಮನೆ ಸಿಕ್ಕಿತೋ ಅಲ್ಲಿ ಮಲಗುವುದು. ಎಲ್ಲಿ ಬೇಲಿ ತುಂಡಾಗಿ ಅರ್ಧ ಈಚೆ, ಅರ್ಧ ಆಚೆ ಸರಿದಿದೆಯೋ, ಎಲ್ಲಿ ನೇರ ರಸ್ತೆ ನಡುವೆ ಡೊಂಕಾಗಿದೆಯೋ ಅಲ್ಲೆಲ್ಲ ನಿಂತು ಅಳೆದರು, ಚಿತ್ರ ತೆಗೆದರು. ಆ ಹಳೆಯ ಚಿತ್ರಗಳನ್ನು ಹಿಡಿದುಕೊಂಡು ಹೋಗಿ, ಕ್ಯಾಮೆರಾ ಎಲ್ಲಿ ನಿಂತಿತ್ತು ಎಂದು ಪತ್ತೆ ಮಾಡಿ, ಅಲ್ಲಿಂದಲೇ ಈಗಿನ ಚಿತ್ರ ತೆಗೆಯುವುದು ಈ ಗುಂಪಿನ ಹುಚ್ಚು. ಒಳ್ಳೆಯ ಹುಚ್ಚೇ. ಡಬ್ಬಗಳು ಉಳಿದವು.

ಮನೆಯಲ್ಲಿ ಇದನ್ನು ಮೊದಲು ಹೇಳಿದ್ದು ಊಟದ ಹೊತ್ತಿನಲ್ಲಿ. ನಮ್ಮತ್ತೆ ಮೊಸರನ್ನ ಕಲಸುತ್ತಿದ್ದರು. ಎಂಬತ್ತು ದಾಟಿದ್ದಾರೆ, ಕಿವಿ ಸ್ವಲ್ಪ ಮಂದ, ಬಾಯಿ ಇನ್ನೂ ಚುರುಕು.

"ಅಮ್ಮ, ಆ ಫಾಲ್ಟು ನಮ್ಮನೆಗೆ ಎಷ್ಟು ಹತ್ತಿರ ಗೊತ್ತಾ? ಈ ಬೆಟ್ಟದ ಮೇಲೇ ಹೋಗತ್ತೆ."

"ಫಾಲ್ಟು ಅಂದ್ರೆ ತಪ್ಪಲ್ವೇನೋ? ಯಾರು ಮಾಡಿದ್ದು?"

"ಯಾರೂ ಮಾಡಿದ್ದಲ್ಲಮ್ಮ. ಭೂಮಿ ಸರಿಯೋ ಜಾಗ ಅದು."

"ತಪ್ಪು ಅಂತೀಯ, ಸರಿಯೋ ಜಾಗ ಅಂತೀಯ. ಮೊದ್ಲು ಒಂದು ತೀರ್ಮಾನಕ್ಕೆ ಬಾರೋ."

ನಾನು ಸಾರಿನ ಸೌಟು ಹಿಡಿದುಕೊಂಡೇ ನಕ್ಕೆ. ಯಜಮಾನರು ನಗಲಿಲ್ಲ. ಅವರು ಆಗಲೇ ಫೋನಿನಲ್ಲಿ ಒಂದು ಚಿತ್ರ ದೊಡ್ಡದು ಮಾಡಿ ನನ್ನ ಮುಂದೆ ಹಿಡಿದಿದ್ದರು.

ಆ ಚಿತ್ರದಿಂದಲೇ ನನ್ನ ನೆಮ್ಮದಿ ಹೋಯಿತು.

ಇಳಿಜಾರಿನಲ್ಲಿ ಒಂದು ಬೇಲಿ. ಸೀಳಿದ ಮರದ ಗೂಟಗಳನ್ನು ಒತ್ತೊತ್ತಾಗಿ ನೆಟ್ಟದ್ದು. ನಡುವೆ ಅದು ಕಡಿದು ಹೋಗಿದೆ. ಆಚೆಯ ತುಂಡು ಸುಮಾರು ಮೂರು ಮೊಳ ಪಕ್ಕಕ್ಕೆ ಹೋಗಿ, ಏನೂ ಆಗಿಲ್ಲವೆಂಬಂತೆ ಮತ್ತೆ ನೇರವಾಗಿ ಮುಂದುವರಿದಿದೆ. ಹಿಂದೆ ಬೆಟ್ಟದ ಸಾಲು. ಕಡಿದ ಜಾಗಕ್ಕೆ ಸ್ವಲ್ಪ ಎಡಕ್ಕೆ ಒಬ್ಬಳು ನಿಂತಿದ್ದಾಳೆ. ಉದ್ದ ಲಂಗ, ಮೇಲೆ ಬಿಳಿ ಏಪ್ರನ್ನು, ಕೈಯಲ್ಲಿ ಪೊರಕೆ. ಪೊರಕೆಯನ್ನು ನೆಲಕ್ಕೆ ಊರಿಲ್ಲ, ಓರೆಯಾಗಿ ಮುಂದಕ್ಕೆ ಚಾಚಿದ್ದಾಳೆ. ಕಡಿದ ಜಾಗವನ್ನು ಅದರಿಂದಲೇ ತೋರಿಸು ಎಂದು ಯಾರೋ ಹೇಳಿದ ಹಾಗೆ. ಮುಖ ಅಲುಗಿ ಮಸುಕಾಗಿದೆ. ಅವಳ ಹಿಂದೆ, ಚಿತ್ರದ ಎಡ ಅಂಚಿನಲ್ಲಿ, ನೆಲದಿಂದ ಸಣ್ಣದಾಗಿ ಹೊಗೆ ಏಳುತ್ತಿದೆ.

ಚಿತ್ರದ ಕೆಳಗಿನ ಬರಹದಲ್ಲಿ ಬೇಲಿ ಯಾವ ದಿಕ್ಕಿಗೆ ಓಡುತ್ತದೆ, ಎಷ್ಟು ಸರಿದಿದೆ, ಎಲ್ಲಿ ನಿಂತು ನೋಡಿದ್ದು, ಎಲ್ಲ ಇದೆ. ಅವಳ ಬಗ್ಗೆ ಒಂದಕ್ಷರವಿಲ್ಲ.

"ಇವಳು ಯಾರು?" ಎಂದೆ.

"ಅಳತೆಗೆ ನಿಲ್ಸಿರೋದು ಕಣೆ. ಬೇಲಿ ನೋಡು, ಬೇಲಿ!"

ಅತ್ತೆಗೂ ತೋರಿಸಿದೆ. ಕನ್ನಡಕ ಏರಿಸಿಕೊಂಡು ಬಹಳ ಹೊತ್ತು ನೋಡಿದರು. "ಪಾಪ, ಒಲೆ ಮೇಲೆ ಏನೋ ಇಟ್ಟು ಬಂದಿದಾಳೆ. ಅದಕ್ಕೇ ಆ ಕಡೆ ತಿರುಗ್ತಿದಾಳೆ. ಹೊಗೆ ಕಾಣ್ಸಲ್ವಾ?"

ಯಜಮಾನರು ಆಮೇಲೆ ಹೇಳಿದ್ದನ್ನು ಕೇಳಿದರೆ ಅತ್ತೆಯ ಊಹೆ ತೀರಾ ತಪ್ಪಿರಲಾರದು. ಆ ದಿನಗಳಲ್ಲಿ ಮನೆಮನೆಯ ಚಿಮಣಿ ಕುಸಿದು, ಒಳಗೆ ಬೆಂಕಿ ಹಾಕಲು ಹೆದರಿ, ಎಷ್ಟೋ ಜನ ಅಂಗಳದಲ್ಲೇ ಒಲೆ ಹೂಡಿದ್ದರಂತೆ.

ಗುಂಪಿನ ಹಿರಿಯರು ಕಾಲೇಜಿನಲ್ಲಿ ಭೂವಿಜ್ಞಾನ ಕಲಿಸಿ ನಿವೃತ್ತರಾದ ಒಬ್ಬ ಅಮೆರಿಕನ್ ಹೆಂಗಸು. ಎರಡೂ ಕೈಯಲ್ಲಿ ಊರುಗೋಲು ಹಿಡಿದು ನನಗಿಂತ ಬೇಗ ಬೆಟ್ಟ ಹತ್ತುತ್ತಾರೆ. ಉಳಿದವರೆಲ್ಲ ಅವರನ್ನು ಹೆಸರು ಹಿಡಿದು ಕರೆಯುತ್ತಾರೆ. ಅಷ್ಟು ವಯಸ್ಸಾದವರನ್ನು ಹಾಗೆ ಕರೆಯಲು ನನಗೆ ಬಾಯಿ ಬರುವುದಿಲ್ಲ, ಮೇಡಂ ಎನ್ನುತ್ತೇನೆ. ಬೆಟ್ಟದ ಪಾರ್ಕಿನವರು ಆ ಕಾಲುದಾರಿಯಲ್ಲಿ ಒಂದು ಬೋರ್ಡು ಹಾಕಲು ಒಪ್ಪಿದ್ದರು. ಹಳೆಯ ಚಿತ್ರ, ಈಗಿನ ಚಿತ್ರ, ಕೆಳಗೆ ನಾಲ್ಕು ಸಾಲು. ಅದಕ್ಕೆ ಬೇಲಿ ಇದ್ದ ಜಾಗ ಸರಿಯಾಗಿ ಸಿಗಬೇಕಿತ್ತು. ಬೇಲಿಯಂತೂ ಎಂದೋ ಮಣ್ಣಾಗಿತ್ತು. ಉಳಿದಿದ್ದ ಆಧಾರ ಎರಡು: ಹಿಂದಿನ ಬೆಟ್ಟದ ಸಾಲು, ಮತ್ತು ಅವಳ ಎತ್ತರ. ಹೆಂಗಸಿನ ಎತ್ತರ ಇಷ್ಟು ಎಂದು ಹಿಡಿದರೆ ಕ್ಯಾಮೆರಾ ಎಷ್ಟು ದೂರ ಇತ್ತು ಎಂದು ಲೆಕ್ಕ ಹಾಕಬಹುದಂತೆ. ಗುಂಪಿನಲ್ಲಿ ಗಿಡ್ಡಗಿದ್ದವಳು ನಾನೊಬ್ಬಳೇ. ಹೀಗೆ ನನ್ನ ಶನಿವಾರಗಳು ಹೋದವು.

ಲೆಕ್ಕ ಕೂಡಲಿಲ್ಲ. ಬೆಟ್ಟದ ಸಾಲು ಸರಿಹೊಂದುವ ಕಡೆ ನಿಂತರೆ ನಾನು ಅವಳಿಗಿಂತ ದೊಡ್ಡದಾಗಿ ಕಾಣುತ್ತಿದ್ದೆ. ನನ್ನ ಎತ್ತರ ಅವಳದಕ್ಕೆ ಹೊಂದುವ ಕಡೆ ನಿಂತರೆ ಬೆಟ್ಟದ ಸಾಲು ತಪ್ಪುತ್ತಿತ್ತು. ವಾರವಾರವೂ ಇದೇ. ಒಬ್ಬರು ಹಳೆಯ ಲೆನ್ಸನ್ನು ಬೈದರು, ಇನ್ನೊಬ್ಬರು ಸ್ಕ್ಯಾನು ಮಾಡಿದವರನ್ನು ಬೈದರು. ಯಜಮಾನರು ನನ್ನನ್ನು ಬೈದರು. "ನೆಟ್ಟಗೆ ನಿಂತ್ಕೋ ಅಂದ್ರೆ ಕುತ್ತಿಗೆ ಯಾಕೆ ಉದ್ದ ಮಾಡ್ತೀಯ?"

ಮನೆಯಲ್ಲಿ ಅತ್ತೆ ನನ್ನ ಕೆಂಪಗಾದ ಮುಖ ನೋಡಿ, "ಇವತ್ತೂ ಬೆದರುಬೊಂಬೆ ಮಾಡಿ ನಿಲ್ಸಿದ್ನಾ? ಕಾಗೆ ಎಷ್ಟು ಓಡ್ಸಿದೆ?" ಎಂದು ಮಜ್ಜಿಗೆ ಕೊಟ್ಟರು.

ಒಂದು ಮಧ್ಯಾಹ್ನ ಅವರೆಲ್ಲ ಊಟ ಮಾಡುತ್ತಿರುವಾಗ ನಾನು ಲ್ಯಾಪ್‌ಟಾಪಿನಲ್ಲಿ ಆ ಚಿತ್ರವನ್ನು ಹಿಗ್ಗಿಸಿ ಅವಳ ಬಟ್ಟೆಯನ್ನು ನೋಡಿದೆ. ಲಂಗದ ಕೆಳಭಾಗದಲ್ಲಿ, ಅಂಚಿಗಿಂತ ಒಂದು ಗೇಣು ಮೇಲೆ, ಸುತ್ತಲೂ ಒಂದು ಕಪ್ಪು ಪಟ್ಟಿ ಇತ್ತು. ಅದರ ಮೇಲೆ ಇನ್ನೊಂದು. ಆ ಪಟ್ಟಿ ನನಗೆ ಗೊತ್ತು.

ನಮ್ಮ ಕಾನ್ವೆಂಟಿನ ನೀಲಿ ಸ್ಕರ್ಟನ್ನು ಜೂನ್ ತಿಂಗಳಲ್ಲಿ ಹೊಲಿಸುವಾಗಲೇ ಅಮ್ಮ ಟೈಲರಿಗೆ ಕೆಳಗೆ ಎರಡು ಟಕ್ಕು ಹಿಡಿಸಲು ಹೇಳುತ್ತಿದ್ದಳು. ಟಕ್ಕು ಎಂದರೆ ಬಟ್ಟೆಯನ್ನು ಒಳಕ್ಕೆ ಮಡಿಸಿ ಹೊಲಿಯುವುದು. ಮಗು ಬೆಳೆದ ಹಾಗೆ ಒಂದೊಂದೇ ಬಿಚ್ಚಿದರೆ ಸ್ಕರ್ಟೂ ಉದ್ದವಾಗುತ್ತದೆ. ಸಿಸ್ಟರ್ ನಮ್ಮನ್ನು ಕೆಂಪು ಗಾರೆ ನೆಲದ ಮೇಲೆ ಮಂಡಿಯೂರಿಸಿ, ಸ್ಕರ್ಟಿನ ಅಂಚು ನೆಲ ಮುಟ್ಟುತ್ತದೋ ಇಲ್ಲವೋ ಎಂದು ಸಾಲಾಗಿ ನೋಡಿಕೊಂಡು ಹೋಗುತ್ತಿದ್ದರು. ಮುಟ್ಟದಿದ್ದರೆ ಮನೆಗೆ ಚೀಟಿ. ಅಂದು ಸಂಜೆ ಅಮ್ಮ ಬ್ಲೇಡಿನಿಂದ ಒಂದು ಟಕ್ಕು ಬಿಚ್ಚುತ್ತಿದ್ದಳು. ಬಿಚ್ಚಿದ ಜಾಗದ ಬಟ್ಟೆ ಬಿಸಿಲು ಕಂಡಿರುವುದಿಲ್ಲ, ಸೋಪು ಕಂಡಿರುವುದಿಲ್ಲ. ಅದು ಅಂಗಡಿಯಿಂದ ತಂದ ದಿನದ ನೀಲಿಯಲ್ಲೇ ಉಳಿದಿರುತ್ತದೆ. ಮಾಸಿದ ಸ್ಕರ್ಟಿನ ಮೇಲೆ ಒಂದು ಗಾಢ ಪಟ್ಟಿ. ಯಾರು ಎಷ್ಟು ಬೆಳೆದರು ಎಂದು ಆ ಪಟ್ಟಿ ಎಣಿಸಿ ಇಡೀ ಕ್ಲಾಸು ಹೇಳುತ್ತಿತ್ತು. ನನಗೆ ಅದನ್ನು ಕಂಡರೆ ಎಷ್ಟು ನಾಚಿಕೆ! ಬ್ಯಾಗನ್ನು ಮುಂದೆ ಹಿಡಿದುಕೊಂಡೇ ನಡೆಯುತ್ತಿದ್ದೆ.

ಹಾಗಾದರೆ ಇವಳು ಹೆಂಗಸಲ್ಲ, ಇನ್ನೂ ಬೆಳೆಯುತ್ತಿರುವ ಹುಡುಗಿ. ಅಮ್ಮನ ಏಪ್ರನ್ನು ಕಟ್ಟಿಕೊಂಡಿದ್ದಾಳೆ. ಅದಕ್ಕೇ ಲೆಕ್ಕ ಕೂಡುತ್ತಿಲ್ಲ.

ಎದ್ದು ಹೋಗಿ ಹೇಳಿದೆ. ನಾನು ಅವರೆದುರು ಅಷ್ಟು ಉದ್ದ ಮಾತಾಡಿದ್ದು ಅದೇ ಮೊದಲು. ಟಕ್ಕು, ಅಮ್ಮ, ಸಿಸ್ಟರ್, ಮಂಡಿಯೂರುವುದು ಎಲ್ಲ ಬಂತು. ಯಾರೂ ನಡುವೆ ಬಾಯಿ ಹಾಕಲಿಲ್ಲ. ಯಜಮಾನರು ಮಾತ್ರ ಸ್ಯಾಂಡ್‌ವಿಚ್ಚಿನ ಕಾಗದವನ್ನು ಚಿಕ್ಕದು ಮಾಡಿ ಇನ್ನೂ ಚಿಕ್ಕದು ಮಾಡಿ ಮಡಿಸುತ್ತಿದ್ದರು.

ಮೇಡಂ ತಲೆದೂಗಿದರು. ಬಹಳ ಸೊಗಸಾದ ಗಮನಿಕೆ ಎಂದರು. ಆಮೇಲೆ ತಮ್ಮ ಫೋನಿನಿಂದ ಒಂದು ಚಿತ್ರ ತೆಗೆದು ತೋರಿಸಿದರು. ಅವರ ಅಜ್ಜಿ. ಮದುವೆಯಾಗಿ ಕಂಕುಳಲ್ಲಿ ಕೂಸಿರುವ ದೊಡ್ಡ ಆಳು. ಲಂಗದ ಕೆಳಗೆ ಅದೇ ಎರಡು ಕಪ್ಪು ಪಟ್ಟಿ. "ಆಗಿನ ಕಾಲದಲ್ಲಿ ಅಲಂಕಾರಕ್ಕೇ ಹಾಗೆ ಪಟ್ಟಿ ಹೊಲಿಯುತ್ತಿದ್ದರು. ನೀವು ಹೇಳುವುದೂ ಇರಬಹುದು. ಆದರೆ ಇದರಿಂದ ಗೊತ್ತಾಗುವುದಿಲ್ಲ" ಎಂದರು, ಮೃದುವಾಗಿಯೇ.

ಅವರ ಅಜ್ಜಿ ನನ್ನೆದುರಿಗೇ ಇದ್ದರು. ಮೈಸೂರಿನ ನನ್ನ ಸ್ಕರ್ಟನ್ನು ತಂದು ಕ್ಯಾಲಿಫೋರ್ನಿಯಾದ ಒಬ್ಬಳಿಗೆ ತೊಡಿಸಿದ್ದೆ ನಾನು. ಕಾರಿನಲ್ಲಿ ಬರುವಾಗ ಯಜಮಾನರು, "ಬೇಜಾರು ಮಾಡ್ಕೋಬೇಡ. ಐಡಿಯಾ ಚೆನ್ನಾಗಿತ್ತು" ಎಂದರು. ಅವರ ಆಫೀಸಿನಲ್ಲಿ ಯಾರದ್ದಾದರೂ ಮಾತನ್ನು ಬದಿಗಿಡಬೇಕಾದರೆ ಹೀಗೇ ಹೇಳುತ್ತಿದ್ದರೆಂದು ನನಗೆ ಗೊತ್ತು. ಕಿಟಕಿಯ ಕಡೆ ಮುಖ ಮಾಡಿ ಕೂತೆ. ಆದರೂ ಮನಸ್ಸಿನೊಳಗೆ ಅವಳು ಹೆಂಗಸಾಗಲು ಒಪ್ಪಲೇ ಇಲ್ಲ.

ಮುಂದಿನ ತಿಂಗಳು ಜಾಗ ಸಿಕ್ಕಿತು. ಅವಳಿಂದಲೂ ಅಲ್ಲ, ನನ್ನಿಂದಲೂ ಅಲ್ಲ. ಚಿತ್ರದ ಬಲಕ್ಕೆ ಒಂದು ಒರತೆಯ ಪಕ್ಕ ಚಪ್ಪಟೆ ಬಂಡೆ ಇತ್ತು. ಪೊದೆ ಸವರಿದಾಗ ಅದೇ ಬಂಡೆ, ಅದೇ ಸೀಳಿನೊಂದಿಗೆ ಹೊರಬಿತ್ತು. ಎಲ್ಲರೂ ಮಕ್ಕಳ ಹಾಗೆ ಕುಣಿದರು. ಬೇಲಿಯ ಎರಡು ತುದಿಗಳಿದ್ದ ಕಡೆ ಸಣ್ಣ ಕೆಂಪು ಬಾವುಟ ನೆಟ್ಟರು. ನಾನು ಅವಳ ಜಾಗದಲ್ಲಿ ಹೋಗಿ ನಿಂತೆ. ಯಜಮಾನರು ಚಿತ್ರ ತೆಗೆದು ಹಳೆಯದರ ಪಕ್ಕಕ್ಕಿಟ್ಟರು. ಬೆಟ್ಟ ಹೊಂದಿತು, ಬಂಡೆ ಹೊಂದಿತು. ನಾನು ಅವಳಿಗಿಂತ ಒಂದು ತಲೆ ಎತ್ತರ ಇದ್ದೆ. ಐದಡಿಯ ನಾನು!

"ನೋಡಿ ರೀ, ನಾನು ಹೇಳ್ಲಿಲ್ವಾ? ಹುಡುಗಿ ಅವಳು."

"ಇರಬಹುದು ಕಣೆ. ಗಿಡ್ಡ ಹೆಂಗಸೂ ಇರಬಹುದು. ಈಗ ಅದು ಬೇಕಾಗಿಲ್ಲ, ಜಾಗ ಸಿಕ್ತಲ್ಲ."

ನಾಲ್ಕು ತಿಂಗಳು ಆ ಪ್ರಶ್ನೆಗಾಗಿ ಬಿಸಿಲಲ್ಲಿ ನಿಂತಿದ್ದೆ. ಉತ್ತರದ ಹತ್ತಿರ ಬಂದ ದಿನ ಪ್ರಶ್ನೆಯೇ ಬೇಡವಾಗಿತ್ತು.

ಬೋರ್ಡಿನ ಮೀಟಿಂಗು ನಮ್ಮ ಮನೆಯಲ್ಲೇ ಆಯಿತು. ಯಾಕೆಂದರೆ ನಮ್ಮ ಡೈನಿಂಗ್ ಟೇಬಲ್ಲು ದೊಡ್ಡದು, ಮತ್ತು ನನ್ನ ಬಿಸಿಬೇಳೆಬಾತು ಅವರಿಗೆಲ್ಲ ಇಷ್ಟ. ಊಟ ಮುಗಿಸಿ, ಟೇಬಲ್ಲು ಒರೆಸಿ, ನಕ್ಷೆ ಹರಡಿಕೊಟ್ಟೆ. ಒಂದೇ ಒಂದು ಮಾತು ಹೇಳಬೇಕೆಂದು ಮನಸ್ಸಿನಲ್ಲಿ ಇಂಗ್ಲಿಷಿನಲ್ಲಿ ಜೋಡಿಸಿಟ್ಟುಕೊಂಡಿದ್ದೆ. ಚಿತ್ರದ ಕೆಳಗೆ ಅವಳ ಬಗ್ಗೆ ಒಂದು ಸಾಲು ಇರಲಿ, ಹೆಸರು ಗೊತ್ತಿಲ್ಲದಿದ್ದರೂ ಪರವಾಗಿಲ್ಲ. ಅಷ್ಟೇ. ಅಷ್ಟರಲ್ಲಿ ಯಜಮಾನರು, "ಕಾಫಿ?" ಎಂದು ಹುಬ್ಬು ಏರಿಸಿದರು. ಫಿಲ್ಟರಿನಲ್ಲಿ ಡಿಕಾಕ್ಷನ್ನು ಇಳಿದಿತ್ತು. ಹಾಲು ಕಾಯಲು ಎಷ್ಟು ಹೊತ್ತು? ಟ್ರೇ ಹಿಡಿದು ವಾಪಸು ಬರುವಾಗ ಟೇಬಲ್ಲಿನ ಮೇಲೆ ಚಿತ್ರದ ಹೊಸ ಪ್ರತಿ ಇತ್ತು. ಬೋರ್ಡಿನ ಅಗಲ ಸಾಲದು, ಎರಡು ಚಿತ್ರ ಪಕ್ಕಪಕ್ಕ ಬರಬೇಕು, ಬೇಲಿ ದೊಡ್ಡದಾಗಿ ಕಾಣಬೇಕು. ಹಾಗಾಗಿ ಎಡಭಾಗ ಕತ್ತರಿಸಿದ್ದರು. ಅವಳು ಹೋಗಿದ್ದಳು. ಹೊಗೆಯೂ ಹೋಗಿತ್ತು. ಪೊರಕೆಯ ತುದಿಯೊಂದು ಮಾತ್ರ ಅಂಚಿನಿಂದ ಒಳಕ್ಕೆ ಚಾಚಿಕೊಂಡಿತ್ತು.

"ಇವಳೆಲ್ಲಿ?" ಎಂದೆ. ಗಾಬರಿಯಲ್ಲಿ ಕನ್ನಡದಲ್ಲೇ ಬಂತು. ಯಜಮಾನರು ಅದನ್ನು ಅವರಿಗೆ ಹೇಳುವಾಗ ನಗುತ್ತಾ ಹೇಳಿದರು. ಎಲ್ಲರೂ ನಕ್ಕರು, ಪ್ರೀತಿಯಿಂದಲೇ. ಮೇಡಂ ನನ್ನ ಕಡೆ ತಿರುಗಿ, ಒಳ್ಳೆಯ ಭಾವನೆ ನಿಮ್ಮದು, ಆದರೆ ಬೋರ್ಡು ಇರುವುದು ಸರಿದ ನೆಲದ ಬಗ್ಗೆ, ಪೂರ್ತಿ ಚಿತ್ರವನ್ನು ಬೇಕಾದರೆ ವೆಬ್‌ಸೈಟಿನಲ್ಲಿ ಹಾಕೋಣ ಎಂದರು. ಕೈಯಲ್ಲಿದ್ದ ಟ್ರೇಯನ್ನು ಎಲ್ಲಿಡಬೇಕೋ ತಿಳಿಯದೆ ನಿಂತೇ ಇದ್ದೆ. ಯಾರೋ ಒಬ್ಬರು ಎದ್ದು ಕಾಫಿ ತೆಗೆದುಕೊಂಡು, "ಥ್ಯಾಂಕ್ಯೂ, ವಂಡರ್‌ಫುಲ್" ಎಂದರು.

ಅವರು ಹೋದ ಮೇಲೆ ಪಾತ್ರೆಗಳನ್ನು ಸ್ವಲ್ಪ ಜೋರಾಗಿಯೇ ತೊಳೆದೆ.

"ಏನಾಯ್ತು ಈಗ?" ಎಂದರು ಯಜಮಾನರು.

"ಏನೂ ಇಲ್ಲ."

"ಏನೂ ಇಲ್ಲ ಅಂದ್ರೆ ಏನೋ ಇದೆ ಅಂತ. ಅವಳು ಅಳತೆಗೆ ನಿಂತಿದ್ದು ಕಣೆ. ನಮಗೀಗ ಸರಿಯಾದ ಅಳತೆ ಬೇರೆ ಸಿಕ್ಕಿದೆ."

"ಅಳತೆಗೆ ಬೇಕಾದಾಗ ಬೇಕು, ಅಳತೆ ಮುಗಿದ್ ಮೇಲೆ ಬೇಡ. ಅಲ್ವಾ?"

"ನಿನಗೆ ಅವಳ ಮೇಲೆ ಯಾಕಿಷ್ಟು?"

ಅದಕ್ಕೆ ಉತ್ತರ ನನ್ನ ಹತ್ತಿರ ಇತ್ತು. ಆದರೆ ನಲ್ಲಿ ಬಿಟ್ಟಿತ್ತು, ಅತ್ತೆ ಟೀವಿ ಹಾಕಿದ್ದರು, ಯಜಮಾನರು ಆಗಲೇ ಬಾಗಿಲ ಹತ್ತಿರ ಹೋಗಿದ್ದರು. ಬೇಳೆ ಹತ್ತಿದ ಪಾತ್ರೆಯ ತಳ ಉಜ್ಜುವುದೇ ಸುಲಭವಾಗಿತ್ತು.

ಮಗಳು ಸ್ಯಾನ್ ಫ್ರಾನ್ಸಿಸ್ಕೋದಲ್ಲಿದ್ದಾಳೆ. ಭಾನುವಾರ ಫೋನು ಮಾಡಿದಾಗ ಎಲ್ಲ ಹೇಳಿಕೊಂಡೆ. ನನ್ನ ಕನ್ನಡವನ್ನೆಲ್ಲ ಕೇಳಿ ಮುಗಿಸಿ, "ಅಮ್ಮಾ, ಇಟ್ಸ್ ಜಸ್ಟ್ ಎ ಸೈನ್" ಎಂದಳು, ಬರೀ ಒಂದು ಬೋರ್ಡು ತಾನೇ ಎಂದು. ಆಮೇಲೆ, "ನೀನು ಇನ್ನೂ ಅಲ್ಲಿ ಹೋಗಿ ನಿಲ್ಲಬೇಕಾ?" ಎಂದು ಕೇಳಿದಳು, ಅವಳಿಗೆ ಬರುವ ಅಷ್ಟು ಕನ್ನಡದಲ್ಲಿ. ಹೌದು, ಬೋರ್ಡಿನ ಎರಡನೇ ಚಿತ್ರಕ್ಕೆ ಅಳತೆಗಾಗಿ ಬಾವುಟದ ಪಕ್ಕ ಒಂದು ಸಲ ನಿಲ್ಲಬೇಕು ಎಂದೆ. "ಸೋ ಡೋಂಟ್" ಎಂದಳು.

ಇಷ್ಟು ಚಿಕ್ಕ ಮಾತು ನನಗೆ ಇಷ್ಟು ವರ್ಷದಲ್ಲಿ ಹೊಳೆದಿರಲಿಲ್ಲ.

ಆ ಶನಿವಾರ ಅತ್ತೆಯೂ ಬಂದರು. ಪಾರ್ಕಿನವರ ಗಾಡಿ ಹತ್ತಿರದವರೆಗೂ ಹೋಗುತ್ತಿತ್ತು, ಮಡಿಸುವ ಕುರ್ಚಿ ಹಾಕಿ ಕೂರಿಸಿದೆವು. ಮೈಸೂರಿನಿಂದ ತಂದ ತೆಂಗಿನಗರಿಯ ಕಡ್ಡಿ ಪೊರಕೆಯನ್ನು ನಾನು ಕಾರಿನಲ್ಲಿ ಇಟ್ಟುಕೊಂಡಿದ್ದೆ. ಯಾಕೆಂದು ಯಾರೂ ಕೇಳಲಿಲ್ಲ. ಹುಲ್ಲು ಗುಡಿಸಲು ಅಂದುಕೊಂಡಿರಬೇಕು. ಯಜಮಾನರು ಟ್ರೈಪಾಡು ಊರಿದರು. ಒಂದು ಕಣ್ಣು ಮುಚ್ಚಿದರು.

"ಬಾ. ಸ್ವಲ್ಪ ಎಡಕ್ಕೆ..."

"ನಾನು ನಿಲ್ಲಲ್ಲ ರೀ."

ಇನ್ನೊಂದು ಕಣ್ಣೂ ತೆರೆಯಿತು. "ಯಾಕೆ, ಮಂಡಿ ನೋವಾ?"

"ಮಂಡಿ ಚೆನ್ನಾಗಿದೆ. ಅವಳು ಇಲ್ದೇ ಇರೋ ಬೋರ್ಡಿನಲ್ಲಿ ನಾನೂ ಇರಲ್ಲ. ಅಳತೆಗೆ ತಾನೇ? ತಗೊಳ್ಳಿ, ಇದನ್ನ ನಿಲ್ಸಿ." ಪೊರಕೆಯನ್ನು ಅವರ ಕೈಗೆ ಕೊಟ್ಟೆ. ದನಿ ಏರಿಸಲಿಲ್ಲ. ನನಗೆ ಏರಿಸಲು ಬರುವುದೂ ಇಲ್ಲ.

ಗುಂಪಿನವರಿಗೆ ಕನ್ನಡ ತಿಳಿಯದಿದ್ದರೂ ಪೊರಕೆ ತಿಳಿಯಿತು. ಎಲ್ಲರೂ ಒಂದೊಂದು ಕಡೆ ನೋಡಿದರು. ಯಜಮಾನರು ಸಿಟ್ಟಿನಿಂದಲೋ ಹಟದಿಂದಲೋ ಹೋಗಿ, ಬಾವುಟದ ಪಕ್ಕ ಎರಡು ಕಲ್ಲುಗಳ ನಡುವೆ ಪೊರಕೆಯನ್ನು ಸಿಕ್ಕಿಸಿ ನಿಲ್ಲಿಸಿ ಬಂದರು. ಕ್ಯಾಮೆರಾಕ್ಕೆ ಕಣ್ಣು ಹಚ್ಚುವಷ್ಟರಲ್ಲಿ ಅತ್ತೆ ಕುರ್ಚಿಯಿಂದ ಎದ್ದು, ಸೀರೆಯ ನೆರಿಗೆ ಎತ್ತಿ ಹಿಡಿದುಕೊಂಡು ನಡೆದುಹೋಗಿ, ಪೊರಕೆಯನ್ನು ಕಿತ್ತು ನೆಲದ ಮೇಲೆ ಮಲಗಿಸಿದರು.

"ಅಮ್ಮಾ! ಏನ್ ಮಾಡ್ತಿದೀಯ?"

"ಪೊರಕೆ ನಿಲ್ಲಿಸ್ಬಾರ್ದು ಕಣೋ. ಮನೇಗೆ ದರಿದ್ರ."

"ಇದು ಮನೆ ಅಲ್ಲಮ್ಮ, ಬೆಟ್ಟ!"

"ಬೆಟ್ಟಕ್ಕೆ ದರಿದ್ರ ಬರಲಿ ಅಂತೀಯಾ? ಮೊದಲೇ ಒಂದು ಸಲ ಸೀಳಿದೆ."

ಮತ್ತೆ ನಿಲ್ಲಿಸಿದರು. ಮತ್ತೆ ಮಲಗಿಸಿದರು. ಮೂರನೆಯ ಸಲ ಮೇಡಂ ನಗು ತಡೆಯಲಾರದೆ ಊರುಗೋಲಿಗೆ ಒರಗಿ, ಇರಲಿ, ಹಾಗೇ ಮಲಗಿರಲಿ ಎಂದರು. ಎರಡು ಕೆಂಪು ಬಾವುಟಗಳ ನಡುವೆ, ನೆಲ ಸರಿದಷ್ಟು ಜಾಗದಲ್ಲಿ ಅದನ್ನು ಉದ್ದಕ್ಕೆ ಮಲಗಿಸಿದರು. ಒಂದು ಪೊರಕೆ ಮಲಗಿ ಇನ್ನೂ ಸ್ವಲ್ಪ ಜಾಗ ಉಳಿಯಿತು. ಹಾಗೇ ಚಿತ್ರ ತೆಗೆದರು. ಮನೆಗೆ ಬರುವಾಗ ಕಾರಿನಲ್ಲಿ ಅತ್ತೆ, "ಹಾಲಿದೆಯೇನೆ ಮನೇಲಿ?" ಎಂದರು.

ಬೋರ್ಡು ಬಂದದ್ದು ಮಳೆಗಾಲ ಮುಗಿದು ಬೆಟ್ಟ ಹಸಿರಾಗಿದ್ದಾಗ. ಅದನ್ನು ನೋಡಲು ನಾವು ಮೂವರೂ ಹೋದೆವು. ಎಡಕ್ಕೆ ಹಳೆಯ ಚಿತ್ರ, ಬಲಕ್ಕೆ ಹೊಸದು. ಹೊಸ ಚಿತ್ರದ ಕೆಳಗೆ, ಅಳತೆಗೆ ಇಟ್ಟಿರುವುದು ತೆಂಗಿನ ಕಡ್ಡಿಯ ಭಾರತೀಯ ಪೊರಕೆ, ಉದ್ದ ಸುಮಾರು ಮೂರಡಿ ಎಂದು ಬರೆದಿದ್ದರು. ನನ್ನ ಪೊರಕೆಗೆ ದೇಶವಿತ್ತು, ಜಾತಿಯಿತ್ತು, ಉದ್ದವಿತ್ತು. ಹಳೆಯ ಚಿತ್ರದ ಕೆಳಗೆ ಬೇಲಿಯ ಮಾತು ಮಾತ್ರ. ಎಡ ಅಂಚಿನಿಂದ ಇಷ್ಟುದ್ದ ಪೊರಕೆಯ ತುದಿ, ಗಾಳಿಯಿಂದ ಬಂದ ಹಾಗೆ. ನನಗೆ ಅಳು ಬರುವ ಹಾಗಾಯಿತು. ಅಳುವಂಥದ್ದೇನೂ ಅಲ್ಲ ಎಂಬುದೂ ತಿಳಿದಿತ್ತು, ಅದರಿಂದ ಇನ್ನೂ ರೇಗಿತು.

ಅಷ್ಟರಲ್ಲಿ ನಾಯಿ ಹಿಡಿದುಕೊಂಡು ಬಂದ ಗಂಡ ಹೆಂಡತಿ ಬೋರ್ಡಿನ ಮುಂದೆ ನಿಂತರು. ಹೆಂಗಸು ಒಂದು ಪೊರಕೆ ನೋಡಿದಳು, ಇನ್ನೊಂದು ಪೊರಕೆ ನೋಡಿದಳು. ಇಲ್ಲೇಕೆ ಪೊರಕೆ, ಇದನ್ನು ಹಿಡಿದವರು ಯಾರು ಎಂದು ಗಂಡನನ್ನು ಕೇಳಿದಳು. ಅವನು ಭುಜ ಕುಣಿಸಿದ. ನಮ್ಮ ಯಜಮಾನರು ಉತ್ಸಾಹದಿಂದ ಮುಂದೆ ಹೋಗಿ ಭೂಮಿಯ ಪದರ, ಬೇಲಿ, ಮೂರು ಮೊಳ ಎಲ್ಲ ವಿವರಿಸಿದರು. ಅವಳು ಪೂರ್ತಿ ಕೇಳಿ, ಅದು ಸರಿ, ಪೊರಕೆ ಹಿಡಿದದ್ದು ಯಾರು ಎಂದು ಮತ್ತೆ ಕೇಳಿದಳು.

ಯಜಮಾನರು ನನ್ನ ಕಡೆ ತಿರುಗಿದರು.

"ಒಬ್ಬಳು ಇದ್ದಳು" ಎಂದೆ. "ಇಲ್ಲಿ ನಿಂತಿದ್ದಳು. ಹುಡುಗಿ ಎಂದು ನನಗನ್ನಿಸುತ್ತದೆ, ಆದರೆ ಖಂಡಿತ ಗೊತ್ತಿಲ್ಲ. ಹಿಂದೆ ಒಲೆ ಉರಿಯುತ್ತಿತ್ತು." ಇಷ್ಟು ಹೇಳಿ ಬೋರ್ಡಿನ ಎಡಕ್ಕೆ ಹೋಗಿ, ಚಿತ್ರ ಮುಂದುವರಿದಿದ್ದರೆ ಅವಳು ಎಲ್ಲಿರುತ್ತಿದ್ದಳೋ ಅಲ್ಲಿ, ಅಂಚಿಗೆ ಭುಜ ತಾಗಿಸಿ ನಿಂತೆ. ನಾಯಿ ನನ್ನ ಚಪ್ಪಲಿ ಮೂಸಿತು. ದಂಪತಿ ಥ್ಯಾಂಕ್ಯೂ ಹೇಳಿ ಹೊರಟರು.

ಯಜಮಾನರು ಗುಂಪಿಗೆ ಕಳಿಸಲು ಫೋನು ತೆಗೆದರು. ಒಂದು ಕಣ್ಣು ಮುಚ್ಚಿದರು.

"ಸ್ವಲ್ಪ ಎಡಕ್ಕೆ ಸರಿ. ಬೋರ್ಡಿಗೆ ಅಡ್ಡ ಬರ್ತಿದೀಯ."

ನಾನು ಕೈ ಕಟ್ಟಿಕೊಂಡು ನಿಂತೆ.

"ಇನ್ನೊಂಚೂರು ಸರಿಯೇ. ಬರೀ ಬೋರ್ಡು ಬೇಕು ಅವರಿಗೆ."

ಅತ್ತೆ ಮಡಿಸುವ ಕುರ್ಚಿಯಿಂದಲೇ ಕೂಗಿದರು. "ಅವಳು ಸರಿಯೋಲ್ಲ ಕಣೋ. ಹಾಗೇ ತೆಗಿ, ಬಿಸಿಲು ಏರ್ತಿದೆ."